ಬಳ್ಳಾರಿ ಸೀಮೆ ಮತ್ತು ಪರಿಶಿಷ್ಟ ಪಂಗಡಗಳ ಖಾತೆ

ಕರ್ನಾಟಕದಲ್ಲಿ ಪರಿಶಿಷ್ಟ ಪಂಗಡಗಳ ಕಲ್ಯಾಣ ಸಚಿವರ ಹುದ್ದೆ ಸಂವಿಧಾನದ ಕಡ್ಡಾಯದಿಂದ ಬಂದದ್ದಲ್ಲ. ಬುಡಕಟ್ಟು ಕಲ್ಯಾಣಕ್ಕೆ ಒಬ್ಬ ಮಂತ್ರಿ ಇರಲೇಬೇಕೆಂದು ಸಂವಿಧಾನದ 164ನೇ ವಿಧಿ ಹೇಳುವುದು ಛತ್ತೀಸಗಡ, ಜಾರ್ಖಂಡ್, ಮಧ್ಯಪ್ರದೇಶ ಮತ್ತು ಒಡಿಶಾ ರಾಜ್ಯಗಳಿಗೆ ಮಾತ್ರ. ಐದನೇ ಅನುಸೂಚಿಯಡಿ ಘೋಷಿತವಾದ ಬುಡಕಟ್ಟು ಪ್ರದೇಶಗಳೂ ಕರ್ನಾಟಕದಲ್ಲಿಲ್ಲ. ಹಾಗಾಗಿ ಇಲ್ಲಿ ಈ ಖಾತೆ ಯಾರ ಪಾಲಿಗೆ ಬರಬೇಕು, ಅದರ ಜೊತೆಗೆ ಇನ್ನಾವ ಖಾತೆ ಸೇರಬೇಕು ಎಂಬುದೆಲ್ಲ ಮುಖ್ಯಮಂತ್ರಿಯ ತೀರ್ಮಾನ, ಅಂದರೆ ರಾಜಕೀಯದ ಲೆಕ್ಕಾಚಾರ. ಆ ಲೆಕ್ಕಾಚಾರದಲ್ಲಿ ತುಂಗಭದ್ರೆಯ ದಂಡೆಯ ಬಳ್ಳಾರಿ ಸೀಮೆಯ ತೂಕ ದೊಡ್ಡದು.

ಕಾರಣ ಜನಸಂಖ್ಯೆಯಲ್ಲೇ ಇದೆ. 2011ರ ಜನಗಣತಿಯ ಪ್ರಕಾರ ರಾಜ್ಯದಲ್ಲಿ ಪರಿಶಿಷ್ಟ ಪಂಗಡದವರು 42.48 ಲಕ್ಷ, ಒಟ್ಟು ಜನಸಂಖ್ಯೆಯ ಶೇ 6.95. ಅವಿಭಜಿತ ಬಳ್ಳಾರಿ ಜಿಲ್ಲೆಯಲ್ಲಿ ಈ ಪ್ರಮಾಣ ಶೇ 18ನ್ನೂ ದಾಟಿತ್ತು. 2008ರ ಕ್ಷೇತ್ರ ಪುನರ್ವಿಂಗಡಣೆಯಲ್ಲಿ ಸಂಡೂರು, ಕಂಪ್ಲಿ, ಕೂಡ್ಲಿಗಿ, ಸಿರುಗುಪ್ಪ ಮತ್ತು ಬಳ್ಳಾರಿ ಗ್ರಾಮೀಣ, ಹೀಗೆ ಒಂದೇ ಜಿಲ್ಲೆಯ ಐದು ವಿಧಾನಸಭಾ ಕ್ಷೇತ್ರಗಳು ಪರಿಶಿಷ್ಟ ಪಂಗಡಕ್ಕೆ ಮೀಸಲಾದವು. ಇಡೀ ರಾಜ್ಯದಲ್ಲಿ ಇಂಥ ಕ್ಷೇತ್ರಗಳಿರುವುದು 15. ಬಳ್ಳಾರಿ ಲೋಕಸಭಾ ಕ್ಷೇತ್ರವೂ ಅದೇ ಸಾಲಿಗೆ ಸೇರಿತು. 2021ರಲ್ಲಿ ಹೊಸಪೇಟೆಯನ್ನು ಕೇಂದ್ರವಾಗಿಸಿ ವಿಜಯನಗರ ಜಿಲ್ಲೆ ಬೇರೆಯಾದಾಗ ಹಂಪಿಯೂ ಕೂಡ್ಲಿಗಿಯೂ ಹೊಸ ಜಿಲ್ಲೆಗೆ ಹೋದವು. ಸಂಡೂರು, ಕಂಪ್ಲಿ ಬಳ್ಳಾರಿಯಲ್ಲೇ ಉಳಿದವು. ಜಿಲ್ಲೆ ಒಡೆದರೂ ಈ ಸೀಮೆಯ ಊರುಗಳಲ್ಲಿ ಪರಿಶಿಷ್ಟ ಪಂಗಡದ ನಾಯಕ ಸಮುದಾಯದ ಕೇರಿಗಳು ಅದೇ ನಂಟಿನಲ್ಲಿ ಬೆಸೆದುಕೊಂಡಿವೆ.

2021ರಿಂದ 2024ರವರೆಗೆ ಈ ಖಾತೆ ಹೊತ್ತಿದ್ದ ಇಬ್ಬರು ಸಚಿವರೂ ಇದೇ ನೆಲದವರು. ಬಸವರಾಜ ಬೊಮ್ಮಾಯಿ ಅವರ ಸಂಪುಟದಲ್ಲಿ 2021ರಿಂದ ಬಿ. ಶ್ರೀರಾಮುಲು ಸಾರಿಗೆಯ ಜೊತೆಗೆ ಪರಿಶಿಷ್ಟ ಪಂಗಡಗಳ ಕಲ್ಯಾಣವನ್ನೂ ನೋಡಿಕೊಂಡರು. 2023ರ ಚುನಾವಣೆಯಲ್ಲಿ ಬಳ್ಳಾರಿ ಗ್ರಾಮೀಣದಲ್ಲಿ ಅವರನ್ನು ಸೋಲಿಸಿದ ಬಿ. ನಾಗೇಂದ್ರ ಅದೇ ವರ್ಷದ ಮೇ 27ರಂದು ಪ್ರಮಾಣವಚನ ಸ್ವೀಕರಿಸಿ ಯುವಜನ ಸೇವೆ, ಕ್ರೀಡೆಯೊಂದಿಗೆ ಈ ಖಾತೆಯನ್ನೂ ಪಡೆದರು. ಖಾತೆಯ ಸಚಿವರನ್ನು ಮಣಿಸಿದವರೇ ಅದೇ ಖಾತೆಯ ಸಚಿವರಾದರು. ಇಬ್ಬರ ಕಾಲದಲ್ಲೂ ಈ ಖಾತೆ ಇನ್ನೊಂದರ ಬೆನ್ನಿಗೆ ಕಟ್ಟಿದ್ದಾಗಿತ್ತು ಎಂಬುದನ್ನು ಗಮನಿಸಬೇಕು. ಬಸ್ಸುಗಳನ್ನು ಓಡಿಸುವ ಹೊಣೆಯ ನಡುವೆ, ಕ್ರೀಡಾಂಗಣಗಳ ಉಸ್ತುವಾರಿಯ ನಡುವೆ 42 ಲಕ್ಷ ಜನರ ಪಾಲಿನ ಕೆಲಸ ನಡೆಯಬೇಕಿತ್ತು.

ಸಚಿವರ ವ್ಯಾಪ್ತಿಗೆ ಯಾರು ಬರುತ್ತಾರೆ ಎಂಬುದನ್ನು ನಿರ್ಧರಿಸುವುದು ಪರಿಶಿಷ್ಟ ಪಂಗಡಗಳ ಪಟ್ಟಿ. ಅದನ್ನು ತಿದ್ದುವ ಅಧಿಕಾರ ರಾಜ್ಯದ ಮಂತ್ರಿಗಿಲ್ಲ, ಸಂಸತ್ತಿಗಿದೆ. ಪಟ್ಟಿಯಲ್ಲಿದ್ದ ನಾಯಕ ಹೆಸರಿಗೆ ಬೇಡ, ವಾಲ್ಮೀಕಿ ಮುಂತಾದ ಪರ್ಯಾಯ ಹೆಸರುಗಳು 1991ರಲ್ಲಿ ಸೇರಿದವು. ತಳವಾರ, ಪರಿವಾರ ಎಂಬ ಹೆಸರುಗಳು ಸೇರಿದ್ದು 2020ರಲ್ಲಿ. ಇಂದು ರಾಜ್ಯದ ಪರಿಶಿಷ್ಟ ಪಂಗಡದ ಜನಸಂಖ್ಯೆಯಲ್ಲಿ ಮುಕ್ಕಾಲು ಪಾಲಿಗೂ ಹೆಚ್ಚು ನಾಯಕರೇ. ಇನ್ನೊಂದು ತುದಿಯಲ್ಲಿ, 2011ರ ಗಣತಿಯಲ್ಲಿ ಸುಮಾರು 36 ಸಾವಿರವಿದ್ದ ಜೇನುಕುರುಬರೂ ಸುಮಾರು 15 ಸಾವಿರವಿದ್ದ ಕೊರಗರೂ ಇದ್ದಾರೆ. ಕಂಪ್ಲಿಯ ಕಾಲುವೆ ಬಯಲಿನಲ್ಲಿ ಭತ್ತ ಬೆಳೆಯುವ ನಾಯಕ ರೈತನ ಬೇಡಿಕೆಗೂ ನಾಗರಹೊಳೆಯ ಅಂಚಿನ ಜೇನುಕುರುಬರ ಹಾಡಿಯ ಬೇಡಿಕೆಗೂ ಹೋಲಿಕೆಯೇ ಇಲ್ಲ. ಎರಡಕ್ಕೂ ಉತ್ತರ ಕೊಡಬೇಕಾದವರು ಒಬ್ಬರೇ ಸಚಿವರು. ಮತಗಳ ಬಲ ಒಂದು ಕಡೆಗೇ ವಾಲಿರುವಾಗ ಕಾಡಂಚಿನ ಸಣ್ಣ ಸಮುದಾಯಗಳ ಕಡತ ಕೆಳಗೆ ಸರಿಯುವ ಅಪಾಯ ಸದಾ ಇರುತ್ತದೆ.

ಪಟ್ಟಿಯ ಗೆರೆ ಎಷ್ಟು ಕಟು ಎಂಬುದಕ್ಕೆ ಸಂಡೂರಿನ ಲಂಬಾಣಿ ತಾಂಡಾಗಳೇ ಸಾಕ್ಷಿ. 2023ರ ಜುಲೈನಲ್ಲಿ ಹಂಪಿಯಲ್ಲಿ ಜಿ-20 ಸಂಸ್ಕೃತಿ ಕಾರ್ಯಪಡೆಯ ಸಭೆ ನಡೆದಾಗ ಸಂಡೂರು ಕುಶಲ ಕಲಾ ಕೇಂದ್ರದ ಮಹಿಳೆಯರು ಮಾಡಿದ 1,755 ಲಂಬಾಣಿ ಕಸೂತಿ ವಸ್ತುಗಳ ಪ್ರದರ್ಶನ ಗಿನ್ನೆಸ್ ದಾಖಲೆಗೆ ಸೇರಿತು. ಲಂಬಾಣಿಗರು ಆಂಧ್ರಪ್ರದೇಶ, ತೆಲಂಗಾಣದಲ್ಲಿ ಪರಿಶಿಷ್ಟ ಪಂಗಡ. ಕರ್ನಾಟಕದಲ್ಲಿ ಪರಿಶಿಷ್ಟ ಜಾತಿ. ಅದೇ ಭಾಷೆ, ಅದೇ ಉಡುಗೆ, ಅದೇ ಸೂಜಿ ಕೆಲಸ. ಗಡಿ ದಾಟಿದೊಡನೆ ಇಲಾಖೆ ಬದಲಾಗುತ್ತದೆ. ಸಂಡೂರಿನ ತಾಂಡಾದ ಹುಡುಗಿಯ ಅರ್ಜಿ ಈ ಸಚಿವರ ಮೇಜಿಗೆ ಬರುವುದಿಲ್ಲ.

ಇಲಾಖೆಯ ದಿನನಿತ್ಯದ ಕೆಲಸ ಆಶ್ರಮ ಶಾಲೆ, ವಿದ್ಯಾರ್ಥಿನಿಲಯ, ವಿದ್ಯಾರ್ಥಿವೇತನ, ಕಾಡಂಚಿನ ಕುಟುಂಬಗಳಿಗೆ ಪೌಷ್ಟಿಕ ಆಹಾರ, ಅರಣ್ಯ ಹಕ್ಕು ಕಾಯ್ದೆಯಡಿಯ ಅರ್ಜಿಗಳ ಉಸ್ತುವಾರಿ. ಸಾಲ ಸೌಲಭ್ಯಗಳನ್ನು ನೋಡಿಕೊಳ್ಳುವುದು ಕರ್ನಾಟಕ ಮಹರ್ಷಿ ವಾಲ್ಮೀಕಿ ಪರಿಶಿಷ್ಟ ಪಂಗಡಗಳ ಅಭಿವೃದ್ಧಿ ನಿಗಮ. ಗಂಗಾ ಕಲ್ಯಾಣದಡಿ ಕೊಳವೆಬಾವಿ ಕೊರೆಸಿ, ಮೋಟಾರು ಇಳಿಸಿ, ವಿದ್ಯುತ್ ಸಂಪರ್ಕ ಕೊಡಿಸುವುದು, ಭೂ ಒಡೆತನ ಯೋಜನೆಯಡಿ ಭೂಮಿ ಇಲ್ಲದ ಮಹಿಳೆಯ ಹೆಸರಿಗೆ ಜಮೀನು ಮಾಡಿಸುವುದು ಈ ನಿಗಮದ ಕೆಲಸಗಳು. ಕಾಲುವೆ ನೀರು ತಲುಪದ ಸಂಡೂರು, ಕೂಡ್ಲಿಗಿಯ ಒಣ ಹೊಲಗಳಲ್ಲಿ ಒಂದು ಕೊಳವೆಬಾವಿ ಒಂದು ಕುಟುಂಬದ ಗುಳೆಯನ್ನೇ ತಪ್ಪಿಸಬಲ್ಲದು. ಆದ್ದರಿಂದ ಈ ನಿಗಮದ ಒಂದೊಂದು ರೂಪಾಯಿಯೂ ಇಲ್ಲಿ ಲೆಕ್ಕಕ್ಕೆ ಬರುತ್ತದೆ.

ಆ ರೂಪಾಯಿಗಳೇ 2024ರಲ್ಲಿ ಸೋರಿಹೋದವು. ಮೇ ತಿಂಗಳಲ್ಲಿ ನಿಗಮದ ಅಧಿಕಾರಿಯೊಬ್ಬರ ಸಾವಿನ ನಂತರ ಹಗರಣ ಹೊರಬಿತ್ತು. ನಿಗಮದ ಹಣ ಬ್ಯಾಂಕಿನಿಂದ ಬ್ಯಾಂಕಿಗೆ ಹರಿದು ಹೈದರಾಬಾದಿನ ಖಾತೆಗಳಿಗೆ ಸೇರಿತ್ತು. ಅಕ್ರಮವಾಗಿ ವರ್ಗಾವಣೆಯಾದ ಮೊತ್ತ 89.63 ಕೋಟಿ ರೂಪಾಯಿ ಎಂದು ಮುಖ್ಯಮಂತ್ರಿ ಸಿದ್ದರಾಮಯ್ಯ ವಿಧಾನಸಭೆಯಲ್ಲಿ ಹೇಳಿದರು. ಜೂನ್ 6ರಂದು ನಾಗೇಂದ್ರ ರಾಜೀನಾಮೆ ಕೊಟ್ಟರು. ಜುಲೈನಲ್ಲಿ ಜಾರಿ ನಿರ್ದೇಶನಾಲಯ ಅವರನ್ನು ಬಂಧಿಸಿತು, ಅಕ್ಟೋಬರ್‌ನಲ್ಲಿ ಜಾಮೀನು ಸಿಕ್ಕಿತು. ಆರೋಪಗಳನ್ನು ಅವರು ಅಲ್ಲಗಳೆದಿದ್ದಾರೆ; ತಪ್ಪು ಯಾರದ್ದೆಂದು ಹೇಳಬೇಕಾದದ್ದು ನ್ಯಾಯಾಲಯ. ಖಾತೆ ಮುಖ್ಯಮಂತ್ರಿಯ ಕೈಸೇರಿತು. ಹಣ ಕಳೆದುಕೊಂಡವರು ಮಾತ್ರ ಅರ್ಜಿ ಹಾಕಿ ಕಾದಿದ್ದ ರೈತರು.

ನಿಗಮದ ಹಣಕ್ಕಿಂತ ಎಷ್ಟೋ ಪಾಲು ದೊಡ್ಡ ಮೊತ್ತ ಓಡಾಡುವುದು ಬುಡಕಟ್ಟು ಉಪಯೋಜನೆಯಲ್ಲಿ. ಪರಿಶಿಷ್ಟರ ಜನಸಂಖ್ಯೆಗೆ ತಕ್ಕ ಪಾಲನ್ನು ಅಭಿವೃದ್ಧಿಯ ಬಜೆಟ್ಟಿನಲ್ಲಿ ಅವರಿಗೇ ಎತ್ತಿಡಬೇಕೆಂದು ಕರ್ನಾಟಕ 2013ರಲ್ಲಿ ಕಾಯ್ದೆ ಮಾಡಿತು. ಪರಿಶಿಷ್ಟ ಜಾತಿ, ಪಂಗಡ ಎರಡೂ ಸೇರಿ ಇದು ಶೇ 24.1. ಈ ಹಣ ಲೋಕೋಪಯೋಗಿ, ನೀರಾವರಿ, ಇಂಧನ ಹೀಗೆ ಹತ್ತಾರು ಇಲಾಖೆಗಳಲ್ಲಿ ಹಂಚಿಹೋಗುತ್ತದೆ, ಅದರ ಮೇಲ್ವಿಚಾರಣೆಯ ಪರಿಷತ್ತಿಗೆ ಮುಖ್ಯಮಂತ್ರಿಯೇ ಅಧ್ಯಕ್ಷರು. ಎಲ್ಲರಿಗೂ ಆಗುವ ರಸ್ತೆ, ಸೇತುವೆಯ ವೆಚ್ಚವನ್ನೂ ಪರಿಶಿಷ್ಟರ ಲೆಕ್ಕಕ್ಕೆ ಬರೆಯಲು ದಾರಿ ಮಾಡಿಕೊಟ್ಟಿದ್ದ 7ಡಿ ಕಲಂ ಅನ್ನು 2023ರಲ್ಲಿ ಕೈಬಿಡಲಾಯಿತು. ಅದು ದಲಿತ, ಬುಡಕಟ್ಟು ಸಂಘಟನೆಗಳ ಬಹುಕಾಲದ ಹೋರಾಟಕ್ಕೆ ಸಂದ ಜಯ. ಆದರೆ ಅದೇ ವರ್ಷದ ಬಜೆಟ್ಟಿನಲ್ಲಿ ಪರಿಶಿಷ್ಟ ಜಾತಿ, ಪಂಗಡ ಎರಡರ ಉಪಯೋಜನೆಗಳಿಂದಲೂ ಸೇರಿ ಸುಮಾರು 11 ಸಾವಿರ ಕೋಟಿ ರೂಪಾಯಿ ಸರ್ಕಾರದ ಗ್ಯಾರಂಟಿ ಯೋಜನೆಗಳ ಲೆಕ್ಕಕ್ಕೆ ಹೋಯಿತು. ಎಲ್ಲರಿಗೂ ಕೊಡುವುದನ್ನು ಪರಿಶಿಷ್ಟರಿಗೆ ಅವರ ಮೀಸಲು ಹಣದಿಂದಲೇ ಕೊಟ್ಟರೆ ಹೆಚ್ಚುವರಿಯಾಗಿ ಕೊಟ್ಟಂತಾಗುವುದಿಲ್ಲ. ಸಂಪುಟದೊಳಗೆ ಕುಳಿತು ಇದನ್ನು ಹೇಳಬೇಕಾದವರು ಈ ಖಾತೆಯ ಸಚಿವರೇ.

ಒತ್ತಡ ಹೊರಗಿನಿಂದ ಬಂದಾಗ ಮಾತ್ರ ಖಾತೆಗೆ ಚುರುಕು ಬರುತ್ತದೆ ಎಂಬುದಕ್ಕೆ ಮೀಸಲಾತಿಯ ಕಥೆ ಉದಾಹರಣೆ. ನ್ಯಾಯಮೂರ್ತಿ ಎಚ್.ಎನ್. ನಾಗಮೋಹನ ದಾಸ್ ಆಯೋಗ ಮೀಸಲಾತಿ ಏರಿಕೆಯ ಬಗ್ಗೆ 2020ರಲ್ಲೇ ವರದಿ ಕೊಟ್ಟಿತ್ತು. ರಾಜನಹಳ್ಳಿಯ ವಾಲ್ಮೀಕಿ ಗುರುಪೀಠದ ಪ್ರಸನ್ನಾನಂದಪುರಿ ಸ್ವಾಮೀಜಿ 2022ರ ಫೆಬ್ರುವರಿಯಲ್ಲಿ ಬೆಂಗಳೂರಿನ ಫ್ರೀಡಂ ಪಾರ್ಕಿನಲ್ಲಿ ಧರಣಿಗೆ ಕೂತು, ಇನ್ನೂರಕ್ಕೂ ಹೆಚ್ಚು ದಿನ ಕದಲದ ಮೇಲೆಯೇ ಅಕ್ಟೋಬರ್‌ನಲ್ಲಿ ಪರಿಶಿಷ್ಟ ಪಂಗಡದ ಮೀಸಲಾತಿ ಶೇ 3ರಿಂದ 7ಕ್ಕೆ ಏರಿತು.

ಸಂಡೂರಿನ ಬೆಟ್ಟಗಳತ್ತ ನೋಡಿದರೆ ಸಚಿವರ ಅಧಿಕಾರದ ಮಿತಿ ಇನ್ನೂ ಸ್ಪಷ್ಟ. ಪರಿಶಿಷ್ಟ ಪಂಗಡಕ್ಕೆ ಮೀಸಲಾದ ಈ ಕ್ಷೇತ್ರದ ಒಡಲಿನಲ್ಲೇ ನಾಡಿನ ದೊಡ್ಡ ಕಬ್ಬಿಣದ ಅದಿರಿನ ಗಣಿಗಳಿವೆ. ಅಕ್ರಮ ಗಣಿಗಾರಿಕೆ ಮಿತಿ ಮೀರಿ 2011ರ ಜುಲೈನಲ್ಲಿ ಸುಪ್ರೀಂ ಕೋರ್ಟ್ ಬಳ್ಳಾರಿಯಲ್ಲಿ ಗಣಿ ಕೆಲಸವನ್ನೇ ನಿಲ್ಲಿಸಬೇಕಾಯಿತು. ಗಣಿಬಾಧಿತ ಜಿಲ್ಲೆಗಳ ಪುನಶ್ಚೇತನಕ್ಕೆ ರೂಪಿಸಿದ ಯೋಜನೆಯ ಗಾತ್ರ ಸುಮಾರು 25 ಸಾವಿರ ಕೋಟಿ ರೂಪಾಯಿ. ಅದನ್ನು ನಡೆಸುವ ಕರ್ನಾಟಕ ಗಣಿ ಪರಿಸರ ಪುನಶ್ಚೇತನ ನಿಗಮ ಪರಿಶಿಷ್ಟ ಪಂಗಡಗಳ ಕಲ್ಯಾಣ ಇಲಾಖೆಗೆ ಸೇರಿದ್ದಲ್ಲ. ಗಣಿಗೆ ಒಬ್ಬ ಮಂತ್ರಿ, ಅರಣ್ಯಕ್ಕೆ ಒಬ್ಬ ಮಂತ್ರಿ. ಕೆಂಪು ದೂಳು ಬೀಳುವ ಮನೆಗಳ ಮಕ್ಕಳಿಗೆ ಹಾಸ್ಟೆಲ್ ಕೊಡುವ ಮಂತ್ರಿಗೆ ದೂಳಿನ ಮೇಲೆ ಅಧಿಕಾರವಿಲ್ಲ.

ಹಂಪಿಯ ಕನ್ನಡ ವಿಶ್ವವಿದ್ಯಾಲಯದಲ್ಲಿ ಬುಡಕಟ್ಟು ಅಧ್ಯಯನಕ್ಕೆಂದೇ ಒಂದು ವಿಭಾಗವಿದೆ. ಹಿ.ಚಿ. ಬೋರಲಿಂಗಯ್ಯ ಅವರಂಥ ವಿದ್ವಾಂಸರು ಬುಡಕಟ್ಟುಗಳ ಬದುಕು, ನಂಬಿಕೆ, ಕಾವ್ಯಗಳನ್ನು ಅಲ್ಲಿಂದ ದಾಖಲಿಸಿದ್ದಾರೆ. ನೀತಿ ರೂಪಿಸುವ ಇಲಾಖೆಗೆ ಈ ಅರಿವು ಕೈಯಳತೆಯಲ್ಲೇ ಇದೆ. ಅದನ್ನು ಬಳಸಿಕೊಳ್ಳಲು, ಉಪಯೋಜನೆಯ ಹಣಕ್ಕೆ ಕಾವಲು ಕೂರಲು, ಗಣಿ ಮತ್ತು ಅರಣ್ಯ ಖಾತೆಗಳ ಮುಂದೆ ದನಿ ಎತ್ತಲು ಬಿಡುವಿರುವ ಮಂತ್ರಿ ಬೇಕು. 164ನೇ ವಿಧಿ ಆ ನಾಲ್ಕು ರಾಜ್ಯಗಳಲ್ಲೂ ಬುಡಕಟ್ಟು ಕಲ್ಯಾಣದ ಸಚಿವರಿಗೆ ಬೇರೆ ಖಾತೆ ಕೊಡಲು ಅವಕಾಶ ಬಿಟ್ಟಿದೆ. ಆ ದಾರಿಯನ್ನು ಕರ್ನಾಟಕ ಹಿಡಿಯದಿರಲಿ, ಈ ಖಾತೆಯನ್ನು ಇದೊಂದನ್ನೇ ನೋಡಿಕೊಳ್ಳುವ ಸಚಿವರಿಗೆ ಕೊಡಲಿ.