ಚಕ್ರ ಚಿಕ್ಕದು, ಚಮತ್ಕಾರ ದೊಡ್ಡದು

ಆಗುಂಬೆಯ ಘಾಟಿಯಲ್ಲಿ ಹದಿನಾಲ್ಕು ಹೇರ್‌ಪಿನ್ ತಿರುವುಗಳಿವೆ. ಅವುಗಳಲ್ಲೊಂದರ ನಡುಮಧ್ಯದಲ್ಲಿ ಒಂದು ದಿನ ನನ್ನ ಮೋಟಾರ್ ಸೈಕಲ್ಲು ಉಸಿರು ಕಟ್ಟಿ ನಿಂತುಬಿಟ್ಟಿತು. ಉಡುಪಿಯಲ್ಲಿರುವ ಮಾವನವರ ಮನೆಯಿಂದ ಶಿವಮೊಗ್ಗಕ್ಕೆ ಹಿಂದಿರುಗುತ್ತಿದ್ದೆವು. ಹಿಂದಿನ ಸೀಟಿನಲ್ಲಿ ನನ್ನಾಕೆ. ಅವಳ ಮಡಿಲಲ್ಲಿ ತವರಿನ ಉಪ್ಪಿನಕಾಯಿಯ ಭರಣಿ. ಎರಡು ಪಕ್ಕಗಳಲ್ಲಿ ತುಂಬಿದ ಚೀಲಗಳು. ಬೆನ್ನ ಹಿಂದೆ ಹತ್ತು ಮಾರು ದೂರದಲ್ಲಿ ಒಂದು ಮಿನಿ ಬಸ್ಸು ಏರಿ ಬರುತ್ತಿತ್ತು. ಮೊದಲ ಗೇರಿನಲ್ಲಿಯೇ ಇದ್ದರೂ ಎಂಜಿನ್ನು ಎರಡು ಬಾರಿ ಗುಟುಕರಿಸಿ ಆರಿಹೋಯಿತು. ಬ್ರೇಕು ಹಿಡಿಯುವಷ್ಟರಲ್ಲಿ ಗಾಡಿ ಒಂದು ಗೇಣು ಹಿಂದಕ್ಕೆ ಸರಿದಿತ್ತು.

“ರೀ, ಗಾಡಿ ಹಿಂದಕ್ಕೆ ಹೋಗ್ತಾ ಇದೆ!” ಎಂದು ಕೂಗಿದವಳೇ ಆಕೆ ಕೆಳಕ್ಕೆ ಹಾರಿದಳು. ಬಸ್ಸಿನ ಚಾಲಕ ಪುಣ್ಯಾತ್ಮ, ಸಕಾಲದಲ್ಲಿ ನಿಲ್ಲಿಸಿದ. ಕ್ಲಚ್ಚು ಸುಟ್ಟ ವಾಸನೆ ತಿರುವನ್ನೆಲ್ಲ ಆವರಿಸಿತು. ಅಲ್ಲಿಂದ ಮುಂದಿನ ಕಡಿದಾದ ತಿರುವುಗಳನ್ನೆಲ್ಲ ನನ್ನಾಕೆ ಭರಣಿಯನ್ನು ಹೊತ್ತು ನಡೆದೇ ಏರಿದಳು. ನಾನು ಒಬ್ಬನೇ ಗಾಡಿಯನ್ನು ಏರಿಸಿ ಪ್ರತಿ ತಿರುವಿನ ಮೇಲೂ ಅಪರಾಧಿಯಂತೆ ಕಾದು ನಿಲ್ಲುತ್ತಿದ್ದೆ.

ಅಪರಾಧ ನನ್ನದೇ. ನನ್ನ ತಂದೆಯವರು ಬಳಸಿ ನನಗೆ ಬಿಟ್ಟುಕೊಟ್ಟ ಆ ಹಳೆಯ ಬುಲೆಟ್ಟು ಅದೇ ಘಾಟಿಯನ್ನು ಹಿಂದೆ ಎಷ್ಟೋ ಬಾರಿ ಇಬ್ಬರನ್ನು ಹೊತ್ತು ಏರಿತ್ತು. ಆದರೆ ಆ ಪ್ರಯಾಣಕ್ಕೆ ಒಂದು ತಿಂಗಳ ಹಿಂದೆ, ಮೇಸ್ತ್ರಿಯ ಮಾತನ್ನು ಮೀರಿ, ಅದರ ಗೇರುಪೆಟ್ಟಿಗೆಯ ಹದಿನಾರು ಹಲ್ಲಿನ ಸ್ಪ್ರಾಕೆಟ್ಟನ್ನು ತೆಗೆಸಿ ಹದಿನೆಂಟು ಹಲ್ಲಿನದನ್ನು ಹಾಕಿಸಿದ್ದೆ. ಕೇವಲ ಎರಡು ಹಲ್ಲು! ಅಂಗೈಯಲ್ಲಿ ಅಡಗುವ ಉಕ್ಕಿನ ಬಿಲ್ಲೆಯೊಂದು ಇಷ್ಟು ದೊಡ್ಡ ಯಂತ್ರದ ಸ್ವಭಾವವನ್ನೇ ಹೇಗೆ ಬದಲಿಸಬಲ್ಲುದು? ಕನ್ನಡ ಪಾಠ ಹೇಳುವ ನನಗೆ ಈ ಪ್ರಶ್ನೆ ಅಂದು ಘಾಟಿಯಲ್ಲಿ ಹುಟ್ಟಿತು. ಉತ್ತರವನ್ನು ಅರಸಿ ಹೊರಟಾಗ ದೊರೆತ ಕಥೆ ಬಹು ಸ್ವಾರಸ್ಯವಾಗಿತ್ತು.

ರಾಟೆಯೂ ಗಿರಣಿಯೂ

ಇದರ ತತ್ತ್ವವನ್ನು ತಿಳಿಯಲು ಮೋಟಾರ್ ಸೈಕಲ್ಲಿನವರೆಗೆ ಹೋಗಬೇಕಾದುದೇ ಇಲ್ಲ. ನೂಲುವ ರಾಟೆಯನ್ನು ನೆನೆಯಿರಿ. ದೊಡ್ಡ ಚಕ್ರ ಒಂದು ಸುತ್ತು ಸುತ್ತುವಷ್ಟರಲ್ಲಿ ದಾರದಿಂದ ಅದಕ್ಕೆ ಬಿಗಿದ ಸಣ್ಣ ಕದಿರು ಹತ್ತಾರು ಸುತ್ತು ತಿರುಗುತ್ತದೆ. ಇಲ್ಲಿ ವೇಗ ಹೆಚ್ಚಿತು. ಆದರೆ ಕದಿರನ್ನು ಒಂದು ಬೆರಳಿನಿಂದಲೇ ತಡೆದು ನಿಲ್ಲಿಸಬಹುದು, ಏಕೆಂದರೆ ತಿರುಗಿಸುವ ಬಲ ಅಷ್ಟೇ ಪಾಲು ಇಳಿಯಿತು. ಇನ್ನು ಬೀದಿಯ ಹಿಟ್ಟಿನ ಗಿರಣಿಯನ್ನು ನೋಡಿರಿ. ಅಲ್ಲಿ ಮೋಟಾರಿಗೆ ಚಿಕ್ಕ ಪುಲ್ಲಿ, ಬೀಸುವ ಯಂತ್ರಕ್ಕೆ ದೊಡ್ಡ ಪುಲ್ಲಿ. ನಡುವೆ ಅಗಲವಾದ ಬೆಲ್ಟು. ಮೋಟಾರು ಭರದಿಂದ ತಿರುಗುತ್ತದೆ, ಕಲ್ಲು ನಿಧಾನವಾಗಿ ಆದರೆ ರಾಗಿಯನ್ನು ನುಣ್ಣಗೆ ಅರೆಯುವ ಬಲದಿಂದ ತಿರುಗುತ್ತದೆ.

ವೇಗವೂ ಬಲವೂ ಒಂದೇ ತಕ್ಕಡಿಯ ಎರಡು ತಟ್ಟೆಗಳು. ಒಂದು ಏರಿದರೆ ಇನ್ನೊಂದು ಇಳಿಯಲೇಬೇಕು. ಪುಲ್ಲಿ ಎಂಜಿನ್ನಿಗೆ ಹೊಸ ಶಕ್ತಿಯನ್ನು ಕೊಡುವುದಿಲ್ಲ. ಇರುವ ಶಕ್ತಿಯನ್ನು ಯಾವ ರೂಪದಲ್ಲಿ ಖರ್ಚು ಮಾಡಬೇಕೆಂಬುದನ್ನು ಮಾತ್ರ ನಿರ್ಧರಿಸುತ್ತದೆ. ಎಂಜಿನ್ನಿನ ಕಡೆಯ ಚಕ್ರ ಚಿಕ್ಕದಾದಷ್ಟೂ ಗಾಡಿಗೆ ಎಳೆಯುವ ಬಲ ಹೆಚ್ಚು. ದೊಡ್ಡದಾದಷ್ಟೂ ಅದೇ ಸುತ್ತಿಗೆ ಓಟ ಹೆಚ್ಚು.

ಬೆಟ್ಟದ ಬುಡದಲ್ಲಿ ಬೆಲ್ಟು ಬದಲಿಸಿದವರು

ಮೋಟಾರ್ ಸೈಕಲ್ಲಿನ ಬಾಲ್ಯದಲ್ಲಿ ಅದಕ್ಕೆ ಗೇರುಪೆಟ್ಟಿಗೆಯೇ ಇರಲಿಲ್ಲ. ಎಂಜಿನ್ನಿನ ಪಕ್ಕದಲ್ಲೊಂದು ಸಣ್ಣ ಪುಲ್ಲಿ, ಹಿಂದಿನ ಚಕ್ರಕ್ಕೆ ಬಿಗಿದ ದೊಡ್ಡ ಬಳೆ, ನಡುವೆ ತೊಗಲಿನ ಅಥವಾ ರಬ್ಬರಿನ ಬೆಲ್ಟು: ಇಷ್ಟೇ ಅದರ ಸಂಸಾರ. ಸಪಾಟು ನೆಲಕ್ಕೆ ಹೊಂದಿಸಿದ ಪುಲ್ಲಿ ಏರಿನಲ್ಲಿ ಸೋಲುತ್ತಿತ್ತು. ಏರಿಗೆ ಹೊಂದಿಸಿದ ಪುಲ್ಲಿ ಸಪಾಟಿನಲ್ಲಿ ಎಂಜಿನ್ನನ್ನು ವ್ಯರ್ಥವಾಗಿ ಅರಚಿಸುತ್ತಿತ್ತು. ಆದ್ದರಿಂದ ಕೆಲವು ಗಾಡಿಗಳಿಗೆ ಎರಡು ಹೋಳುಗಳ ಪುಲ್ಲಿಯನ್ನು ಹಾಕುತ್ತಿದ್ದರು. ಹೋಳುಗಳನ್ನು ದೂರ ಸರಿಸಿದರೆ ಬೆಲ್ಟು ಗಾಡಿಯೊಳಕ್ಕೆ ಇಳಿದು ಪುಲ್ಲಿ ಚಿಕ್ಕದಾದಂತೆ ವರ್ತಿಸುತ್ತದೆ. ಹತ್ತಿರ ತಂದರೆ ಬೆಲ್ಟು ಮೇಲಕ್ಕೇರಿ ಪುಲ್ಲಿ ದೊಡ್ಡದಾಗುತ್ತದೆ. ಸವಾರನು ಬೆಟ್ಟದ ಬುಡದಲ್ಲಿ ಇಳಿದು, ಉಪಕರಣ ಹಿಡಿದು ಹೋಳುಗಳನ್ನು ಸರಿಸಿ, ಬೆಲ್ಟಿನ ಉದ್ದವನ್ನು ಹೊಂದಿಸಿ, ಮತ್ತೆ ಹತ್ತಿ ಹೋಗುತ್ತಿದ್ದ. ಬೆಟ್ಟ ಮುಗಿದ ಮೇಲೆ ಇದೇ ಪೂಜೆ ಇನ್ನೊಮ್ಮೆ! ಇಷ್ಟಾದರೂ ಸಾಲದಿದ್ದರೆ ಸೈಕಲ್ಲಿನಂತೆ ಪೆಡಲು ತುಳಿಯಬೇಕಾಗಿತ್ತು.

ಈ ತೊಡಕನ್ನು ಬಿಡಿಸಲು 1908ರ ಸುಮಾರಿಗೆ ಇಂಗ್ಲೆಂಡಿನ ಜೆನಿತ್ ಕಂಪನಿ ‘ಗ್ರಾಡುವಾ’ ಎಂಬ ಏರ್ಪಾಡನ್ನು ತಂದಿತು. ಟ್ಯಾಂಕಿನ ಮೇಲಿದ್ದ, ಕಾಫಿ ಬೀಜ ಪುಡಿಮಾಡುವ ಯಂತ್ರದ ಹಿಡಿಯಂಥ ಒಂದು ಹಿಡಿಯನ್ನು ತಿರುವಿದರೆ ಸಾಕು. ಪುಲ್ಲಿಯ ಹೋಳುಗಳು ಸರಿಯುತ್ತಿದ್ದವು, ಅದರೊಡನೆಯೇ ಹಿಂದಿನ ಚಕ್ರವೂ ಮುಂದಕ್ಕೋ ಹಿಂದಕ್ಕೋ ಚಲಿಸಿ ಬೆಲ್ಟಿನ ಬಿಗಿಯನ್ನು ಕಾಯುತ್ತಿತ್ತು. ಸವಾರ ಇಳಿಯುವ ಪ್ರಮೇಯವೇ ಇಲ್ಲ. ಬೆಟ್ಟವೇರುವ ಪಂದ್ಯಗಳಲ್ಲಿ ಈ ಗಾಡಿಗಳ ಮೇಲುಗೈಯನ್ನು ಸಹಿಸಲಾರದೆ ಕೆಲವು ಕ್ಲಬ್ಬುಗಳು ಅವನ್ನು ಕೆಲವು ವಿಭಾಗಗಳಿಂದ ಹೊರಗಿಟ್ಟವು. ಕಂಪನಿಯವರು ಕೊರಗಿ ಕುಳಿತುಕೊಳ್ಳಲಿಲ್ಲ. ‘ಬಹಿಷ್ಕೃತ’ ಎಂಬರ್ಥದ ಇಂಗ್ಲಿಷ್ ಪದವನ್ನೇ ತಮ್ಮ ವ್ಯಾಪಾರ ಚಿಹ್ನೆಯಲ್ಲಿ ಸೇರಿಸಿಕೊಂಡರು. ಬಹಿಷ್ಕಾರವೇ ಜಾಹೀರಾತಾದ ಸಂದರ್ಭ ಇದು.

ಪುಲ್ಲಿಯ ನಿಜವಾದ ಅಗ್ನಿಪರೀಕ್ಷೆ ನಡೆದುದು ಐರ್ಲೆಂಡಿಗೂ ಇಂಗ್ಲೆಂಡಿಗೂ ನಡುವಣ ಮ್ಯಾನ್ ದ್ವೀಪದಲ್ಲಿ. ಅಲ್ಲಿನ ಪ್ರಸಿದ್ಧ ಟಿ.ಟಿ. ಪಂದ್ಯ 1907ರಲ್ಲಿ ಆರಂಭವಾದಾಗ ಹಾದಿ ಅಷ್ಟೊಂದು ಕಠಿಣವಾಗಿರಲಿಲ್ಲ. 1911ರಲ್ಲಿ ಅದನ್ನು ಸ್ನೇಫೆಲ್ ಪರ್ವತದ ಭುಜವನ್ನೇರುವ ಸುಮಾರು 60 ಕಿಲೋಮೀಟರಿನ ಸುತ್ತಿಗೆ ಒಯ್ದರು. ಒಂದೇ ಗೇರಿನ ಬೆಲ್ಟಿನ ಗಾಡಿಗಳು ಅಲ್ಲಿ ಏದುಸಿರು ಬಿಟ್ಟವು. ಚೈನು ಮತ್ತು ಎರಡು ಗೇರುಗಳನ್ನು ಹೊಂದಿದ್ದ ಅಮೆರಿಕದ ‘ಇಂಡಿಯನ್’ ಗಾಡಿಗಳು ಸೀನಿಯರ್ ಪಂದ್ಯದ ಮೊದಲ ಮೂರು ಸ್ಥಾನಗಳನ್ನೂ ಬಾಚಿಕೊಂಡವು.

ಬೆಲ್ಟಿನವರು ಸುಮ್ಮನಾಗಲಿಲ್ಲ. ಕವೆಂಟ್ರಿಯ ರಡ್ಜ್ ಕಂಪನಿ ‘ಮಲ್ಟಿ’ ಎಂಬ ಗಾಡಿಯನ್ನು ನಿರ್ಮಿಸಿತು. ಅದರಲ್ಲಿ ಮುಂದಿನ ಪುಲ್ಲಿ ಹಿಗ್ಗಿದಂತೆ ಹಿಂದಿನದು ಕುಗ್ಗುತ್ತಿತ್ತು, ಮುಂದಿನದು ಕುಗ್ಗಿದಂತೆ ಹಿಂದಿನದು ಹಿಗ್ಗುತ್ತಿತ್ತು. ಹೀಗಾಗಿ ಚಕ್ರವನ್ನು ಸರಿಸದೆಯೇ ಬೆಲ್ಟಿನ ಬಿಗಿ ಉಳಿಯುತ್ತಿತ್ತು. ಟ್ಯಾಂಕಿನ ಪಕ್ಕದ ಉದ್ದ ಸನ್ನೆಗೆ ಸುಮಾರು ಇಪ್ಪತ್ತು ಕಚ್ಚುಗಳು. 1914ರಲ್ಲಿ ಸಿರಿಲ್ ಪುಲಿನ್ ಎಂಬಾತ ಈ ಗಾಡಿಯ ಮೇಲೆ ಸೀನಿಯರ್ ಟಿ.ಟಿ.ಯನ್ನು ಗೆದ್ದ. ಆದರೂ ಮಳೆಯಲ್ಲಿ ನೆನೆದ ಬೆಲ್ಟು ಜಾರುವ ದೋಷ ಹೋಗಲಿಲ್ಲ. ಪುಲ್ಲಿ ಚಿಕ್ಕದಾದಷ್ಟೂ ಬೆಲ್ಟು ಅದನ್ನು ಅಪ್ಪಿಕೊಳ್ಳುವ ಭಾಗ ಕಡಿಮೆ; ಅಂದರೆ ಬಲ ಹೆಚ್ಚು ಬೇಕಾದಾಗಲೇ ಹಿಡಿತ ಕಡಿಮೆ! ಕ್ರಮೇಣ ಗೇರುಪೆಟ್ಟಿಗೆಯೂ ಚೈನೂ ಗೆದ್ದವು. ಪುಲ್ಲಿಯ ಜಾಗಕ್ಕೆ ಹಲ್ಲಿನ ಸ್ಪ್ರಾಕೆಟ್ಟು ಬಂದಿತು.

ಹೋದ ಬೆಲ್ಟು ಬಂದಿತು

ಕಥೆ ಅಲ್ಲಿಗೆ ಮುಗಿಯಲಿಲ್ಲ. 1980ರಲ್ಲಿ ಅಮೆರಿಕದ ಹಾರ್ಲೆ-ಡೇವಿಡ್ಸನ್ ಕಂಪನಿ ‘ಸ್ಟರ್ಜಿಸ್’ ಎಂಬ ಮಾದರಿಯಲ್ಲಿ ಬೆಲ್ಟನ್ನು ಮರಳಿ ತಂದಿತು. ಈ ಬಾರಿಯ ಬೆಲ್ಟಿಗೆ ಒಳಗೆ ಬಲವಾದ ಎಳೆಗಳ ಆಧಾರ, ಮೈಮೇಲೆ ಹಲ್ಲುಗಳು, ಪುಲ್ಲಿಗೂ ಹಲ್ಲುಗಳು. ಜಾರುವ ಮಾತಿಲ್ಲ, ಎಣ್ಣೆ ಹಾಕುವ ಕೆಲಸವಿಲ್ಲ, ಸದ್ದೂ ಕಡಿಮೆ.

ಇನ್ನೂ ಹತ್ತಿರದ ಉದಾಹರಣೆ ಬೇಕೆ? ವಾಚಕರ ಮನೆಯ ಮುಂದೆಯೇ ಅದು ನಿಂತಿರಬಹುದು. 1984ರ ಕೈನೆಟಿಕ್ ಹೋಂಡಾದಿಂದ ಮೊದಲ್ಗೊಂಡು ಇಂದಿನ ಆಕ್ಟಿವಾದವರೆಗೆ ಗೇರಿಲ್ಲದ ಸ್ಕೂಟರುಗಳ ಎಡಮಗ್ಗುಲಲ್ಲಿ ಅಡಗಿರುವುದು ರಡ್ಜ್ ಮಲ್ಟಿಯ ತತ್ತ್ವವೇ. ಎರಡು ಹೋಳಿನ ಮುಂದಿನ ಪುಲ್ಲಿಯೊಳಗೆ ಸಣ್ಣ ಉರುಳೆಗಳಿವೆ. ಎಂಜಿನ್ನಿನ ವೇಗ ಏರಿದಂತೆ ಅವು ಹೊರಕ್ಕೆ ಸಿಡಿದು ಹೋಳುಗಳನ್ನು ಒತ್ತುತ್ತವೆ, ಬೆಲ್ಟು ಮೇಲೇರುತ್ತದೆ, ಹಿಂದಿನ ಪುಲ್ಲಿ ತನ್ನ ಸ್ಪ್ರಿಂಗಿನ ಒತ್ತಡವನ್ನು ಮೀರಿ ಬಾಯಿ ಬಿಡುತ್ತದೆ. ಕಚ್ಚುಗಳಿಲ್ಲ, ಸನ್ನೆಯಿಲ್ಲ, ಗೃಹಿಣಿಯು ತರಕಾರಿ ತರಲು ಹೋಗಿಬರುವಷ್ಟರಲ್ಲಿ ಪುಲ್ಲಿಗಳು ಎಷ್ಟೋ ಬಾರಿ ಹಿಗ್ಗಿ ಕುಗ್ಗಿರುತ್ತವೆ. ಉರುಳೆಗಳು ಹಗುರವಾದರೆ ಎಂಜಿನ್ನು ಹೆಚ್ಚು ಸುತ್ತಿನಲ್ಲಿ ಉಳಿದು ಗಾಡಿ ಚುರುಕಾಗಿ ನೆಗೆಯುತ್ತದೆ, ಪೆಟ್ರೋಲನ್ನೂ ಹೆಚ್ಚು ಕುಡಿಯುತ್ತದೆ. ಭಾರವಾದರೆ ಓಟ ಶಾಂತ, ಏರಿನಲ್ಲಿ ಸೋಮಾರಿ.

ಎರಡು ಹಲ್ಲಿನ ಲೆಕ್ಕ

ಈಗ ನನ್ನ ಬುಲೆಟ್ಟಿಗೆ ಬರೋಣ. 350ರ ಹಳೆಯ ನಾಲ್ಕು ಗೇರಿನ ಮಾದರಿಯಲ್ಲಿ ಎಂಜಿನ್ನಿನ ಸ್ಪ್ರಾಕೆಟ್ಟಿಗೆ 25 ಹಲ್ಲು, ಅದು ತಿರುಗಿಸುವ ಕ್ಲಚ್ಚಿಗೆ 56. ಗೇರುಪೆಟ್ಟಿಗೆಯ ಸ್ಪ್ರಾಕೆಟ್ಟಿಗೆ 16, ಹಿಂದಿನ ಚಕ್ರಕ್ಕೆ 38. ಐವತ್ತಾರನ್ನು ಇಪ್ಪತ್ತೈದರಿಂದ ಭಾಗಿಸಿ, ಮೂವತ್ತೆಂಟನ್ನು ಹದಿನಾರರಿಂದ ಭಾಗಿಸಿ, ಎರಡನ್ನೂ ಗುಣಿಸಿದರೆ 5.32 ಬರುತ್ತದೆ. ನಾಲ್ಕನೆಯ ಗೇರಿನಲ್ಲಿ ಎಂಜಿನ್ನು 5.32 ಸುತ್ತು ಸುತ್ತಿದರೆ ಚಕ್ರ ಒಂದು ಸುತ್ತು ತಿರುಗುತ್ತದೆ ಎಂದರ್ಥ. ಹದಿನೇಳು ಹಲ್ಲು ಹಾಕಿದರೆ ಇದು 5.01ಕ್ಕೂ, ಹದಿನೆಂಟು ಹಾಕಿದರೆ 4.73ಕ್ಕೂ ಇಳಿಯುತ್ತದೆ.

ಚಕ್ರದ ಸುತ್ತಳತೆ ಸುಮಾರು ಎರಡು ಮೀಟರು. ಗಂಟೆಗೆ 80 ಕಿಲೋಮೀಟರಿನ ಓಟದಲ್ಲಿ ಮೂಲ ಸ್ಪ್ರಾಕೆಟ್ಟಿನೊಡನೆ ಎಂಜಿನ್ನು ನಿಮಿಷಕ್ಕೆ ಸುಮಾರು 3,550 ಸುತ್ತು ತಿರುಗಬೇಕು. ಹದಿನೆಂಟು ಹಲ್ಲಿನೊಡನೆ ಸುಮಾರು 3,150 ಸಾಕು. ಈ ನಾನೂರು ಸುತ್ತಿನ ಉಳಿತಾಯವೇ ನನ್ನನ್ನು ಮರುಳುಗೊಳಿಸಿದ್ದು. ಭದ್ರಾವತಿ, ತರೀಕೆರೆ, ಕಡೂರುಗಳ ಹಾದಿಯಲ್ಲಿ ಒಬ್ಬನೇ ಹೋಗುವಾಗ ಗಾಡಿಯ ಸದ್ದು ಮೃದಂಗದ ನಡೆಯಂತೆ ನಿಧಾನವಾಗಿ, ಗಂಭೀರವಾಗಿ ಕೇಳುತ್ತಿತ್ತು. ಹಿಡಿಯ ನಡುಕವೂ ತಗ್ಗಿತ್ತು.

ಆದರೆ ತಕ್ಕಡಿಯ ಇನ್ನೊಂದು ತಟ್ಟೆಯನ್ನು ನಾನು ನೋಡಿರಲಿಲ್ಲ. ಹದಿನಾರು ಹದಿನೆಂಟಾದರೆ ಚಕ್ರವನ್ನು ನೂಕುವ ಬಲ ಒಂಬತ್ತರಲ್ಲಿ ಎಂಟು ಪಾಲಿಗೆ ಇಳಿಯುತ್ತದೆ. ಅದೂ ಒಂದು ಗೇರಿನಲ್ಲಿ ಮಾತ್ರವಲ್ಲ, ನಾಲ್ಕರಲ್ಲಿಯೂ. ಸಪಾಟಿನಲ್ಲಿ ಆ ಒಂದು ಪಾಲಿನ ನಷ್ಟ ತಿಳಿಯುವುದಿಲ್ಲ. ಇಬ್ಬರ ಭಾರ, ಚೀಲಗಳು, ಮೇಲೇರುತ್ತಲೇ ತಿರುಗುವ ರಸ್ತೆ: ಇವೆಲ್ಲ ಕೂಡಿದ ಘಳಿಗೆಯಲ್ಲಿ ಅದೇ ಒಂದು ಪಾಲು ಹೋಗುವುದಕ್ಕೂ ನಿಲ್ಲುವುದಕ್ಕೂ ನಡುವಣ ಅಂತರವಾಯಿತು. ಮೊದಲ ಗೇರಿಗಿಂತ ಕೆಳಗೆ ಇಳಿಯಲು ಇನ್ನೊಂದು ಗೇರಿರಲಿಲ್ಲ.

ದೊಡ್ಡ ಸ್ಪ್ರಾಕೆಟ್ಟು ಹಾಕಿದರೆ ಪರಮಾವಧಿ ವೇಗ ಹೆಚ್ಚುತ್ತದೆಂಬುದೂ ಎಲ್ಲ ವೇಳೆ ನಿಜವಲ್ಲ. ಗಾಳಿಯ ತಡೆ ವೇಗದ ವರ್ಗದಷ್ಟು ಏರುತ್ತದೆ. ಅದನ್ನು ಭೇದಿಸಲು ಬೇಕಾದ ಶಕ್ತಿ ವೇಗದ ಘನದಷ್ಟು ಏರುತ್ತದೆ. ಎಂಜಿನ್ನಿನಲ್ಲಿ ಅಷ್ಟು ಶಕ್ತಿಯಿಲ್ಲದಿದ್ದರೆ ಗಾಡಿ ನಾಲ್ಕನೆಯ ಗೇರಿನಲ್ಲಿ ಮೊದಲಿಗಿಂತ ಮಂದವಾಗಿಯೇ ಓಡಬಹುದು.

ಬದಲಿಸುವ ಮುನ್ನ

ಹಳ್ಳಿಯಿಂದ ಹಳ್ಳಿಗೆ ಭಾರ ಹೊರುವವನಿಗೂ, ಘಟ್ಟದ ನಿವಾಸಿಗೂ ಮುಂದಿನ ಚಕ್ರ ಚಿಕ್ಕದಿರುವುದೇ ಲೇಸು. ಹೆದ್ದಾರಿಯಲ್ಲಿ ಏಕಾಂಗಿಯಾಗಿ ದೂರ ಹೋಗುವವನಿಗೆ ಅದು ತುಸು ದೊಡ್ಡದಾದರೆ ಅಡ್ಡಿಯಿಲ್ಲ. ಬದಲಿಸುವುದಾದರೆ ಒಂದೊಂದೇ ಹಲ್ಲಿನಂತೆ ಬದಲಿಸಿ ನೋಡುವುದು ಜಾಣತನ; ಏಕೆಂದರೆ ಮುಂದಿನ ಒಂದು ಹಲ್ಲು ನನ್ನ ಗಾಡಿಯಲ್ಲಿ ಹಿಂದಿನ ಎರಡೂವರೆ ಹಲ್ಲಿಗೆ ಸಮೀಪ. ಸೂಕ್ಷ್ಮವಾದ ಹೊಂದಾಣಿಕೆ ಬೇಕಾದವರು ಹಿಂದಿನದನ್ನು ಬದಲಿಸಬೇಕು. ಸವೆದ ಚೈನನ್ನು ಹೊಸ ಸ್ಪ್ರಾಕೆಟ್ಟಿನ ಮೇಲೆ ಹಾಕಿದರೆ ಹೊಸದೂ ಬೇಗ ಸವೆಯುತ್ತದೆ. ಬೆಲ್ಟಿನ ಗಾಡಿಗಳಲ್ಲಿ ಪುಲ್ಲಿಯ ಅಳತೆ ಬದಲಾದರೆ ಬೆಲ್ಟಿನ ಉದ್ದವೂ ಬದಲಾಗಬೇಕಾಗಬಹುದು. ಎರಡು ಪುಲ್ಲಿಗಳೂ ಒಂದೇ ನೇರದಲ್ಲಿರಬೇಕು. ವೇಗಮಾಪಕವು ಗೇರುಪೆಟ್ಟಿಗೆಯಿಂದ ಚಲನೆ ಪಡೆಯುವ ಗಾಡಿಗಳಲ್ಲಿ ಮುಳ್ಳು ಆಮೇಲೆ ಸುಳ್ಳು ಹೇಳತೊಡಗುತ್ತದೆ.

ಆಗುಂಬೆಯಿಂದ ಬಂದ ಮರುದಿನ ಮೇಸ್ತ್ರಿಯ ಬಳಿಗೆ ಹೋದೆ. ಅವರು ನನ್ನ ತಂದೆಯವರ ಕಾಲದಿಂದಲೂ ಈ ಗಾಡಿಯನ್ನು ಬಲ್ಲವರು. ಸುಟ್ಟ ಕ್ಲಚ್ ಪ್ಲೇಟುಗಳನ್ನು ಹೊರತೆಗೆದು ಸಾಲಾಗಿ ಇಟ್ಟರು, “ನಾನು ಹೇಳಿರಲಿಲ್ಲವೇ?” ಎಂದು ಕೇಳಲಿಲ್ಲ. ಅದೇ ಅವರ ದೊಡ್ಡತನ.

“ಹದಿನೇಳು ಹಾಕಲೇ, ಮೇಷ್ಟ್ರೇ? ಅಲ್ಲಿಗೂ ಬೇಡ, ಇಲ್ಲಿಗೂ ಬೇಡ, ನಡುವೆ ಇರ್ತದೆ.”

“ನಿಮಗೇನು ತೋಚುತ್ತೆ?”

ಅವರು ಕೈಯನ್ನು ಬಟ್ಟೆಗೆ ಒರೆಸಿಕೊಂಡು ಗಾಡಿಯ ಹಿಂದಿನ ಸೀಟಿನ ಕಡೆ ನೋಡಿದರು. “ಒಬ್ಬರೇ ಓಡಾಡೋದಾದ್ರೆ ಹದಿನೇಳು. ಅಮ್ಮಾವ್ರೂ ಬರೋದಾದ್ರೆ ಹದಿನಾರು.”

ನಾನು ಹದಿನಾರನ್ನೇ ಹಾಕಿಸಿದೆ. ಕಡೂರಿನ ಹಾದಿಯಲ್ಲಿ ಈಗ ಆ ಮೃದಂಗದ ನಡೆಯಿಲ್ಲ. ಎಂಜಿನ್ನು ತುಸು ಹೆಚ್ಚಾಗಿಯೇ ಗದ್ದಲ ಮಾಡುತ್ತದೆ. ಕಳೆದ ಬೇಸಿಗೆಯಲ್ಲಿ ಮತ್ತೆ ಉಡುಪಿಗೆ ಹೋಗಿಬಂದೆವು. ಅದೇ ಘಾಟಿ, ಅದೇ ತಿರುವುಗಳು, ಅಷ್ಟೇ ದೊಡ್ಡ ಭರಣಿ. ಅಂದು ನಿಂತಿದ್ದ ತಿರುವು ಬಂದಾಗ ನನ್ನಾಕೆ ನನ್ನ ಭುಜವನ್ನು ಬಿಗಿಯಾಗಿ ಹಿಡಿದುಕೊಂಡಳು. ಗಾಡಿ ಮೊದಲ ಗೇರಿನಲ್ಲಿ ಸರಾಗವಾಗಿ ಏರಿತು. ಮೇಲೆ ಬಂದು ಆಗುಂಬೆಯಲ್ಲಿ ಕಾಫಿ ಕುಡಿಯುವಾಗ ಆಕೆ ಹೇಳಿದಳು: “ಈಗ ನಿಮ್ಮ ಗಾಡಿಗೆ ಬುದ್ಧಿ ಬಂದಿದೆ.”

ಬುದ್ಧಿ ಬಂದದ್ದು ಗಾಡಿಗಲ್ಲವೆಂಬುದು ಇಬ್ಬರಿಗೂ ಗೊತ್ತಿತ್ತು.