ಬಯಲಿನ ನೀರಿಗೆ ಬೆನ್ನೆಲುಬಾದ ಸಂಡೂರಿನ ಕಾಡುಬೆಟ್ಟಗಳು

ಬಳ್ಳಾರಿ ನಗರ, ಕುರುಗೋಡು ಮತ್ತು ಸಿರುಗುಪ್ಪಗಳನ್ನು ಒಳಗೊಂಡ ಬಯಲು ಪಶ್ಚಿಮಘಟ್ಟದ ಮಳೆನೆರಳಿನಲ್ಲಿದೆ. ಅರಬ್ಬೀ ಸಮುದ್ರದಿಂದ ಬರುವ ಮೋಡಗಳು ಘಟ್ಟವನ್ನು ಏರುವಾಗಲೇ ಬಹುಪಾಲು ಮಳೆ ಸುರಿಸಿಬಿಡುವುದರಿಂದ ಈ ಬಯಲಿಗೆ ದಕ್ಕುವುದು ವರ್ಷಕ್ಕೆ ಸುಮಾರು 500 ಮಿ.ಮೀ. ಮಳೆ ಮಾತ್ರ. ಇಂಥ ಒಣನಾಡಿನ ಪಶ್ಚಿಮದ ಅಂಚಿನಲ್ಲಿ, ಕೆಲವೆಡೆ ಸಮುದ್ರಮಟ್ಟದಿಂದ ಸಾವಿರ ಮೀಟರಿನಷ್ಟು ಎತ್ತರಕ್ಕೆ ಏರುವ ಸಂಡೂರಿನ ಬೆಟ್ಟಸಾಲುಗಳು ದಟ್ಟ ಕಾಡನ್ನು ಹೊತ್ತು ನಿಂತಿರುವುದು ಈ ಪ್ರದೇಶದ ಭೂಗೋಳದ ಒಂದು ವಿಶೇಷ. ಈ ಬೆಟ್ಟಗಳು ನಾಡಿಗೆ ಪರಿಚಿತವಾಗಿರುವುದು ಮುಖ್ಯವಾಗಿ ಅದಿರಿನ ಕಣಜವಾಗಿ. ಆದರೆ ಇಲ್ಲಿನ ಅದಿರು, ಕಾಡು ಮತ್ತು ನೀರು ಒಂದೇ ಶಿಲಾರಚನೆಯ ಫಲಗಳಾದ್ದರಿಂದ ಒಂದನ್ನು ತೆಗೆಯುವಾಗ ಉಳಿದೆರಡರ ಲೆಕ್ಕವನ್ನೂ ಇಡಬೇಕಾಗುತ್ತದೆ.

ಬಳ್ಳಾರಿ ಗುಡ್ಡ ಮತ್ತು ಕುರುಗೋಡಿನ ಬೆಟ್ಟಗಳು ಗ್ರಾನೈಟ್ ಕಲ್ಲಿನವು. ಸುತ್ತಲಿನ ನೆಲವು ಯುಗಯುಗಗಳಿಂದ ಸವೆದುಹೋದಾಗ ಗಟ್ಟಿಯಾಗಿ ಉಳಿದ ಈ ಬಂಡೆರಾಶಿಗಳ ಮೇಲೆ ಮಣ್ಣು ತೀರ ತೆಳುವಾಗಿರುವುದರಿಂದ ಮಳೆನೀರು ಬೇಗನೆ ಜಾರಿಹೋಗುತ್ತದೆ. ಸಂಡೂರಿನ ಬೆಟ್ಟಗಳ ಹುಟ್ಟು ಬೇರೆ ಬಗೆಯದು. ಸುಮಾರು 270 ಕೋಟಿ ವರ್ಷಗಳ ಹಿಂದೆ ಲಾವಾರಸ ಹರಿದು ಗಟ್ಟಿಯಾದ ಕಲ್ಲುಗಳ ಜೊತೆಗೆ, ಸಮುದ್ರತಳದಲ್ಲಿ ಕಬ್ಬಿಣದ ಆಕ್ಸೈಡ್ ಮತ್ತು ಸಿಲಿಕಾ ಪದರಪದರವಾಗಿ ಕೂಡಿಕೊಂಡು ಪಟ್ಟೆಪಟ್ಟೆಯ ಕಬ್ಬಿಣಶಿಲೆ ರೂಪುಗೊಂಡಿತು. ಮುಂದೆ ಭೂಮಿಯ ಒಳಗಿನ ಒತ್ತಡದಿಂದ ಈ ಪದರಗಳೆಲ್ಲ ಮಡಿಸಿಕೊಂಡು ದೋಣಿಯ ಆಕಾರ ತಳೆದವು. ಹೀಗೆ ಮಾರ್ಪಾಟಾದ ಪ್ರಾಚೀನ ಶಿಲೆಗಳ ಪಟ್ಟಿಯನ್ನು ಭೂವಿಜ್ಞಾನಿಗಳು ಸಂಡೂರು ಶಿಸ್ಟ್ ಪಟ್ಟಿ ಎಂದು ಕರೆಯುತ್ತಾರೆ. ಈ ಜಿಲ್ಲೆಯ ಶಿಲೆಗಳನ್ನು ವಿವರವಾಗಿ ಪರಿಶೀಲಿಸಿದ ರಾಬರ್ಟ್ ಬ್ರೂಸ್ ಫೂಟ್ ಅವರ ಭೂವೈಜ್ಞಾನಿಕ ವರದಿಯು 1895ರಲ್ಲಿ ಪ್ರಕಟವಾಯಿತು.

ಮೆದು ಶಿಲೆಗಳು ಸವೆದು ಕಣಿವೆಯಾದವು, ಗಟ್ಟಿಯಾದ ಕಬ್ಬಿಣಶಿಲೆ ಎತ್ತರದ ಏಣುಗಳಾಗಿ ಉಳಿಯಿತು. ಒಂದು ಕಡೆ ರಾಮನದುರ್ಗದ ಸಾಲು, ಇನ್ನೊಂದು ಕಡೆ ದೋಣಿಮಲೈ ಸಾಲು, ದಕ್ಷಿಣದಲ್ಲಿ ಕುಮಾರಸ್ವಾಮಿ ಬೆಟ್ಟ, ಇವುಗಳ ನಡುವೆ ಸಂಡೂರಿನ ಕಣಿವೆ ಇದೆ. ಕಣಿವೆಯ ನೀರನ್ನೆಲ್ಲ ಕೂಡಿಸಿಕೊಳ್ಳುವ ನಾರಿಹಳ್ಳವು ಓಬಳಗಂಡಿ ಮತ್ತು ಭೀಮಗಂಡಿಗಳೆಂಬ ಇಕ್ಕಟ್ಟಾದ ಕೊರಕಲುಗಳಲ್ಲಿ ಬೆಟ್ಟವನ್ನೇ ಸೀಳಿಕೊಂಡು ಹರಿಯುತ್ತದೆ.

ಬೆಟ್ಟಗಳ ನೆತ್ತಿಯಲ್ಲಿ ಬಹುಕಾಲದ ಬಿಸಿಲು ಮಳೆಗಳಿಂದ ರೂಪುಗೊಂಡ, ಕಬ್ಬಿಣಾಂಶ ತುಂಬಿದ ಕೆಂಪು ಜಂಬಿಟ್ಟಿಗೆಯ ಹೊದಿಕೆಯಿದೆ. ರಂಧ್ರಮಯವಾದ ಈ ಹೊದಿಕೆ ಮತ್ತು ಅದರಡಿಯ ಬಿರುಕುಬಿಟ್ಟ ಅದಿರು ಮಳೆಯನ್ನು ಒಳಗೆ ಇಳಿಸಿಕೊಂಡು ತಪ್ಪಲಿನ ಒರತೆಗಳಿಗೆ ನಿಧಾನವಾಗಿ ಬಿಟ್ಟುಕೊಡುತ್ತವೆ. ಎತ್ತರದಿಂದಾಗಿ ಇಲ್ಲಿ ಮಳೆ ಬಯಲಿಗಿಂತ ಹೆಚ್ಚು, ಹವೆ ತಂಪು. ಬ್ರಿಟಿಷರ ಕಾಲದಲ್ಲಿ ಬಳ್ಳಾರಿಯ ದಂಡಿನ ಸಿಪಾಯಿಗಳ ಆರೋಗ್ಯಧಾಮವು ರಾಮನದುರ್ಗದ ಮೇಲೆ ನೆಲೆಗೊಂಡದ್ದು ಈ ತಂಪಿನಿಂದಲೇ. ದಿಂಡಿಗ, ಕಮರ, ಶ್ರೀಗಂಧಗಳಂಥ ಮರಗಳಿರುವ ಇಲ್ಲಿನ ಎಲೆಯುದುರುವ ಕಾಡು ಬೇಸಿಗೆಯಲ್ಲಿ ಬೋಳಾಗಿ ಮುಂಗಾರಿಗೆ ಚಿಗುರುತ್ತದೆ. ಬೆಟ್ಟಗಳ ಉತ್ತರಕ್ಕೆ, ಬಂಡೆಗಳ ನಡುವಿನ ಕುರುಚಲು ಕಾಡಿನಲ್ಲಿ, 1994ರಲ್ಲಿ ದರೋಜಿ ಕರಡಿಧಾಮವು ಸ್ಥಾಪನೆಯಾಯಿತು.

ಬಯಲಿನ ಬದುಕು ಇಂಥ ಎತ್ತರದ ಕಾಡುಗಳಿಗೆ ಎರಡು ದಾರಿಗಳಲ್ಲಿ ಋಣಿಯಾಗಿದೆ. ಸಿರುಗುಪ್ಪದ ಭತ್ತದ ಗದ್ದೆಗಳಿಗೆ ಕಾಲುವೆಯಲ್ಲಿ ಬರುವ ತುಂಗಭದ್ರೆಯ ನೀರು ದೂರದ ಮಲೆನಾಡಿನ ಕಾಡುಗಳಲ್ಲಿ ಹುಟ್ಟಿದ್ದು. ಸಂಡೂರಿನ ಬೆಟ್ಟಗಳ ನೀರಾದರೋ ನಾರಿಹಳ್ಳದ ಮೂಲಕ ಹತ್ತಿರದ ದರೋಜಿ ಕೆರೆಯನ್ನು ತುಂಬಿಸುತ್ತದೆ. ಕಾಲುವೆಯ ನೀರು ಅಣೆಕಟ್ಟಿನ ಮಟ್ಟವನ್ನು ಅವಲಂಬಿಸಿದ್ದರೆ, ಹಳ್ಳದ ನೀರು ಬೆಟ್ಟದ ಮಣ್ಣು ಮಳೆಯನ್ನು ಎಷ್ಟು ದಿನ ಹಿಡಿದಿಡಬಲ್ಲುದು ಎಂಬುದನ್ನು ಅವಲಂಬಿಸಿದೆ.

ಗಣಿಗಾರಿಕೆಯು ತೆಗೆಯುವುದು ನೀರು ಹಿಡಿಯುವ ಈ ನೆತ್ತಿಯನ್ನೇ. ಉತ್ತಮ ಅದಿರು ಏಣಿನ ಮೇಲೆ ಇರುವುದರಿಂದ ಮೊದಲು ಕಾಡು, ಆಮೇಲೆ ಜಂಬಿಟ್ಟಿಗೆ, ಕೊನೆಗೆ ಅದಿರು ಹೋಗುತ್ತದೆ. ಇಳಿಜಾರಿಗೆ ಸುರಿದ ತ್ಯಾಜ್ಯಮಣ್ಣು ಮಳೆಯಲ್ಲಿ ಕೊಚ್ಚಿಬಂದು ಹಳ್ಳಗಳಲ್ಲಿ ಹೂಳಾಗುತ್ತದೆ. ಅಕ್ರಮ ಗಣಿಗಾರಿಕೆಯ ಬಗ್ಗೆ ಲೋಕಾಯುಕ್ತ ವರದಿಗಳು ಬಂದ ಮೇಲೆ, 2011ರ ಜುಲೈನಲ್ಲಿ ಸರ್ವೋಚ್ಚ ನ್ಯಾಯಾಲಯವು ಬಳ್ಳಾರಿ ಜಿಲ್ಲೆಯ ಗಣಿಗಾರಿಕೆಯನ್ನು ತಡೆಯಿತು. 2013ರ ತೀರ್ಪಿನಲ್ಲಿ ಅದು ಅತಿಯಾದ ಉಲ್ಲಂಘನೆ ಮಾಡಿದ ಗುತ್ತಿಗೆಗಳನ್ನು ರದ್ದುಪಡಿಸಿ, ಉಳಿದವಕ್ಕೆ ನೆಲದ ಪುನಶ್ಚೇತನದ ಷರತ್ತು ಹಾಕಿತು.

ಪುನಶ್ಚೇತನದ ಅರ್ಥವನ್ನು ತಿಳಿಯಲು ಜರ್ಮನಿಯ ಹಾರ್ಟ್ಸ್ ಬೆಟ್ಟಗಳನ್ನು ಗಮನಿಸಬಹುದು. ಬಯಲಿನ ಅಂಚಿನಲ್ಲಿ ಒಮ್ಮೆಲೇ ಎದ್ದು, ಬ್ರೋಕೆನ್ ಶಿಖರದಲ್ಲಿ 1,141 ಮೀಟರ್ ಮುಟ್ಟುವ ಈ ಕಾಡುಬೆಟ್ಟಗಳಲ್ಲಿಯೂ ಶತಮಾನಗಳ ಕಾಲ ಗಣಿಗಳಿದ್ದವು. ಸಾವಿರ ವರ್ಷಕ್ಕೂ ಹೆಚ್ಚು ಕಾಲ ನಡೆದ ರಮ್ಮೆಲ್ಸ್‌ಬರ್ಗ್ ಗಣಿ 1988ರಲ್ಲಿ ಮುಚ್ಚಿತು. ಗಣಿಯ ಯಂತ್ರಗಳನ್ನು ನಡೆಸಲು ಅಲ್ಲಿ ಕಟ್ಟಿದ್ದ ಕೆರೆ ಕಾಲುವೆಗಳ ಜಾಲವು ಇಂದು ವಿಶ್ವ ಪರಂಪರೆಯ ಭಾಗವಾಗಿದೆ. ಆದರೆ ಗಣಿ ಮತ್ತು ಕುಲುಮೆಗಳಿಗಾಗಿ ಕಡಿದ ಅಗಲ ಎಲೆಯ ಮರಗಳ ಜಾಗದಲ್ಲಿ ಬೇಗ ಬೆಳೆಯುವ ಸ್ಪ್ರೂಸ್ ಒಂದನ್ನೇ ದೊಡ್ಡ ಪ್ರಮಾಣದಲ್ಲಿ ಬೆಳೆಸಿದ್ದರ ಫಲವಾಗಿ, 2018ರಿಂದೀಚಿನ ಬರಗಾಲದಲ್ಲಿ ತೊಗಟೆ ಕೊರೆಯುವ ಹುಳುಗಳಿಗೆ ಸಿಕ್ಕಿ ಅಲ್ಲಿನ ವಿಶಾಲ ಕಾಡು ಒಣಗಿತು. ಹಸಿರು ಮರಳಿ ಕಂಡಿತೆಂದರೆ ಕಾಡು ಮರಳಿತೆಂದು ತಿಳಿಯಲಾಗದು ಎಂಬುದಕ್ಕೆ ಇದು ಸಾಕ್ಷಿ.

ಆದ್ದರಿಂದ ಸಂಡೂರಿನಲ್ಲಿ ಗಣಿ ಬಿಟ್ಟ ನೆಲದ ಪುನಶ್ಚೇತನವನ್ನು ನೆಟ್ಟ ಸಸಿಗಳ ಸಂಖ್ಯೆಯಿಂದ ಅಳೆದರೆ ಸಾಲದು. ದಿಂಡಿಗ, ಕಮರಗಳಂಥ ಸ್ಥಳೀಯ ಮರಗಳು ತಾವಾಗಿಯೇ ಬೀಜ ಉದುರಿಸಿ ಹಬ್ಬುತ್ತಿವೆಯೇ, ಹಳ್ಳಗಳಲ್ಲಿ ಹೂಳು ಕಡಿಮೆಯಾಗಿದೆಯೇ, ಮಳೆ ನಿಂತು ತಿಂಗಳುಗಳಾದ ಮೇಲೂ ನಾರಿಹಳ್ಳದಲ್ಲಿ ನೀರಿದೆಯೇ ಎಂಬ ಪ್ರಶ್ನೆಗಳೇ ಅದರ ನಿಜವಾದ ಅಳತೆಗೋಲುಗಳಾಗಬೇಕು. ಉಳಿದಿರುವ ನೆತ್ತಿಗಳನ್ನು ಗಣಿಗೆ ಕೊಡುವ ಮೊದಲು ಕೇಳಬೇಕಾದ ಪ್ರಶ್ನೆಗಳೂ ಇವೇ. ಅದಿರು ಒಮ್ಮೆ ತೆಗೆದರೆ ಮುಗಿಯುವ ಸಂಪತ್ತು, ಬೆಟ್ಟದ ನೀರು ಪ್ರತಿ ಮಳೆಗಾಲದಲ್ಲೂ ಮರಳಿ ಬರುವ ಸಂಪತ್ತು. ವರ್ಷಕ್ಕೆ 500 ಮಿ.ಮೀ. ಮಳೆಯಲ್ಲಿ ಬದುಕಬೇಕಾದ ನಾಡಿಗೆ ಎರಡನೆಯದೇ ದೊಡ್ಡದು.