ನಿಮಗಿದು ಗೊತ್ತೆ? ಮೊದಲ ಕನ್ನಡ ಟಾಕಿ ಈಗ ಎಲ್ಲೂ ಇಲ್ಲ!

ಕನ್ನಡದ ಮೊದಲ ಮಾತಿನ ಚಿತ್ರವನ್ನು ಇನ್ನು ಯಾರೂ ನೋಡಲಾರರು. 'ಸತಿ ಸುಲೋಚನಾ'ದ ಒಂದೇ ಒಂದು ಪ್ರತಿಯೂ ಉಳಿದಿಲ್ಲ! ಸುಮಾರು ಮೂರು ಗಂಟೆಯ ಚಿತ್ರದಲ್ಲಿ ಈಗ ಕಣ್ಣಿಗೆ ಬೀಳುವುದು ಕೆಲವು ಮಾಸಲು ಫೋಟೊಗಳಷ್ಟೇ. ಕಿರೀಟ, ಭುಜಕೀರ್ತಿ ತೊಟ್ಟ ಕಲಾವಿದರು ಕ್ಯಾಮೆರಾ ಮುಂದೆ ಬಿಗಿಯಾಗಿ ನಿಂತಿರುವಂಥವು.

ಈ ಚಿತ್ರ ತಯಾರಾದದ್ದು ಕನ್ನಡ ನಾಡಿನಲ್ಲೂ ಅಲ್ಲ, ಕೊಲ್ಹಾಪುರದ ಛತ್ರಪತಿ ಸ್ಟುಡಿಯೊದಲ್ಲಿ. ತಗುಲಿದ ಖರ್ಚು ಸುಮಾರು 40,000 ರೂಪಾಯಿ. ಹಣ ಹಾಕಿದವರು ಚಮನ್‌ಲಾಲ್ ಡೂಂಗಾಜಿ. ಕಥೆ ರಾಮಾಯಣದ ಇಂದ್ರಜಿತುವಿನ ಹೆಂಡತಿಯದು. ಸುಲೋಚನೆಯಾಗಿ ತ್ರಿಪುರಾಂಬ, ಇಂದ್ರಜಿತುವಾಗಿ ಸುಬ್ಬಯ್ಯ ನಾಯ್ಡು, ರಾವಣನಾಗಿ ಆರ್. ನಾಗೇಂದ್ರರಾಯರು. ಮಾತು ಬರೆದವರು ಬೆಳ್ಳಾವೆ ನರಹರಿ ಶಾಸ್ತ್ರಿ.

ತಮಾಷೆ ಇನ್ನೊಂದಿದೆ. ನಿರ್ದೇಶಕ ವೈ.ವಿ. ರಾವ್ ಲಕ್ಷ್ಮಣನ ಪಾತ್ರವನ್ನು ತಾವೇ ವಹಿಸಿದ್ದರು. ಅಂದರೆ ನಾಯಕನನ್ನು ಕೊಲ್ಲುವ ಕೆಲಸವೂ ನಿರ್ದೇಶಕರದೇ!

1934ರ ಮಾರ್ಚ್ 3ರಂದು ಬೆಂಗಳೂರಿನ ಸಿಟಿ ಮಾರುಕಟ್ಟೆ ಬಳಿಯ ದೊಡ್ಡಣ್ಣ ಹಾಲ್‌ನಲ್ಲಿದ್ದ ಪ್ಯಾರಾಮೌಂಟ್ ಟಾಕೀಸಿನಲ್ಲಿ ಚಿತ್ರ ತೆರೆಕಂಡಿತು. ಕನ್ನಡ ಚಿತ್ರರಂಗ ತನ್ನ ಹುಟ್ಟುಹಬ್ಬ ಆಚರಿಸುವುದು ಇದೇ ದಿನ. ಆ ಟಾಕೀಸೂ ಈಗಿಲ್ಲ.